ಪುಟ ಕೆಡವಿದ ಮೇಲೆ

ಪರದೆಯ ಮೇಲೆ ಗೋರಿಕಲ್ಲು ಮೂಡಿತ್ತು. ಅಡ್ಡಗೆರೆ, ಉದ್ದಗೆರೆ, ಓರೆಗೆರೆಗಳನ್ನೇ ಜೋಡಿಸಿ ಕಟ್ಟಿದ ಗೋರಿಕಲ್ಲು. ಅದರೊಳಗೆ ನಾನು ಇಟ್ಟುಕೊಂಡಿದ್ದ ಹೆಸರು, ಕೂಡಿಸಿದ್ದ ಹೊನ್ನಿನ ಲೆಕ್ಕ, ಸಾವಿನ ಕಾರಣ, ಇಸವಿ 2020. ಹಿಂದೆ ನಿಂತು ಚಹಾ ಕುಡಿಯುತ್ತಿದ್ದ ಅಪ್ಪ ಕನ್ನಡಕ ಸರಿಪಡಿಸಿಕೊಂಡು ಬಾಗಿದರು. ಬಹಳ ಹೊತ್ತು ನೋಡಿ, “ಬಾರ್ಡರ್ ಚೆನ್ನಾಗಿ ಕಟ್ಟಿದ್ದಾರೆ, ಮೂಲೆಗಳು ಮಾತ್ರ ಕೂಡಿಲ್ಲ” ಎಂದರು.

ಅದು ಏಪ್ರಿಲ್ ತಿಂಗಳು. ಲಾಕ್‌ಡೌನ್ ಆಗುವ ಮೂರು ದಿನ ಮೊದಲು ನಾನು ಬೆಂಗಳೂರಿನಿಂದ ಗದಗಕ್ಕೆ ಬಂದು ಸೇರಿದ್ದೆ. ಹಗಲು ಪಡಸಾಲೆಯಲ್ಲಿ ಕುಳಿತು ಕಚೇರಿಯ ಕೆಲಸ ಮಾಡುವುದು, ರಾತ್ರಿ ಊಟವಾದ ಮೇಲೆ ಅದೇ ಲ್ಯಾಪ್‌ಟಾಪಿನಲ್ಲಿ ನೆಟ್‌ಹ್ಯಾಕ್ ಎಂಬ ಕಂಪ್ಯೂಟರ್ ಆಟ ಆಡುವುದು. ಆಗಲೇ ಹದಿನಾಲ್ಕು ವರ್ಷಗಳಿಂದ ಆಡುತ್ತಿದ್ದೆ. ಅಲ್ಲಿಯವರೆಗೆ ಮನೆಯಲ್ಲಿ ಯಾರೂ ಅದನ್ನು ನೋಡಿರಲಿಲ್ಲ. ಅಪ್ಪ ನೋಡಿದ್ದೇ ಮೊದಲು. ನೋಡಿದ ಕೂಡಲೇ ಅವರ ಕಣ್ಣು ಹೋದದ್ದು ಸಾವಿನ ಕಡೆಗಲ್ಲ, ಗೆರೆಗಳ ಜೋಡಣೆಯ ಕಡೆಗೆ. ಅಪ್ಪ ನಲವತ್ತು ವರ್ಷ ಕಂಪೋಸಿಟರ್ ಆಗಿದ್ದವರು. ಗದಗಿಗೆ ಮುದ್ರಣ ಕಾಶಿ ಎಂಬ ಹೆಸರಿದ್ದ ಕಾಲದಲ್ಲಿ ಇಲ್ಲಿನ ಓಣಿಯೊಂದರ ಪ್ರೆಸ್ಸಿನಲ್ಲಿ ಎಡಗೈಯಲ್ಲಿ ಸಾಲು ಜೋಡಿಸುವ ಸ್ಟಿಕ್ ಹಿಡಿದು, ಬಲಗೈಯಲ್ಲಿ ಒಂದೊಂದೇ ಸೀಸದ ಅಚ್ಚುಮೊಳೆ ಹೆಕ್ಕಿ ಲಗ್ನಪತ್ರಿಕೆ, ಜಾತ್ರೆಯ ಕರಪತ್ರ, ರಸೀದಿ ಪುಸ್ತಕ, ಪುರಾಣದ ಹೊತ್ತಿಗೆ, ಶಿವಗಣಾರಾಧನೆಯ ಕಾರ್ಡು ಎಲ್ಲವನ್ನೂ ಜೋಡಿಸಿದವರು.

“ಚಿತ್ರ ಎಲ್ಲಿವೆ?” ಎಂದು ಕೇಳಿದರು. ಇಲ್ಲ ಅಪ್ಪಾ, ಈ ಆಟದಲ್ಲಿ ಚಿತ್ರವೇ ಇಲ್ಲ ಎಂದೆ. ಕೋಣೆಯ ನೆಲ ಎಂದರೆ ಚುಕ್ಕಿಗಳು. ಗೋಡೆ ಎಂದರೆ ಅಡ್ಡಗೆರೆ, ಉದ್ದಗೆರೆ. ಓಣಿಯಂಥ ಸುರಂಗಕ್ಕೆ # ಗುರುತು. ಬುತ್ತಿಗೆ %, ಮದ್ದಿನ ಸೀಸೆಗೆ !, ಓದಬೇಕಾದ ಸುರುಳಿಗೆ ?, ಬಲೆಗೆ ^. ಕೆಳಗಿಳಿಯುವ ಮೆಟ್ಟಿಲು >, ಮೇಲೇರುವ ಮೆಟ್ಟಿಲು <. ಸಣ್ಣ ಡಿ ಅಕ್ಷರ ನಾಯಿ, ದೊಡ್ಡ ಡಿ ಡ್ರ್ಯಾಗನ್. ನಡುವೆ ನಿಂತಿರುವ @ ನಾನು. ಅಪ್ಪ ತಲೆಯಾಡಿಸಿದರು. ಅವರಿಗೆ ಇದರಲ್ಲಿ ವಿಚಿತ್ರವೇನೂ ಕಾಣಲಿಲ್ಲ. ಮೊಳೆಯಿಂದ ಬಳ್ಳಿ, ಹೂವು, ಕಳಸ ಕಟ್ಟಿದವರಿಗೆ ಅಕ್ಷರವೊಂದು ನಾಯಿಯಾಗುವುದು ಯಾವ ದೊಡ್ಡ ಮಾತು?

ಆಟದ ವಂಶಾವಳಿಯನ್ನು ಅಂದು ರಾತ್ರಿಯೇ ಅವರಿಗೆ ಹೇಳಿದೆ. 1980ರ ಸುಮಾರಿಗೆ ಸಾಂತಾ ಕ್ರೂಸ್‌ನ ಕ್ಯಾಲಿಫೋರ್ನಿಯಾ ವಿಶ್ವವಿದ್ಯಾಲಯದಲ್ಲಿ ಓದುತ್ತಿದ್ದ ಮೈಕೆಲ್ ಟಾಯ್ ಮತ್ತು ಗ್ಲೆನ್ ವಿಚ್‌ಮನ್ ‘ರೋಗ್’ ಎಂಬ ಆಟ ಮಾಡಿದರು. ಬರ್ಕ್ಲಿಯ ಕೆನ್ ಆರ್ನಾಲ್ಡ್ ಬರೆದ ‘ಕರ್ಸಸ್’ ಎಂಬ ತಂತ್ರಾಂಶ ಇಲ್ಲದಿದ್ದರೆ ಅದು ಆಗುತ್ತಿರಲಿಲ್ಲ. ಅದಕ್ಕೂ ಮೊದಲು ಸಾಲಿನ ಕೆಳಗೆ ಸಾಲು ಮೂಡಿಸುವುದೇ ರೂಢಿಯಾಗಿದ್ದ ಪರದೆಯಲ್ಲಿ, ಬೇಕಾದ ಅಕ್ಷರವನ್ನು ಬೇಕಾದ ಜಾಗದಲ್ಲಿ ಇಡುವುದನ್ನು ಸುಲಭ ಮಾಡಿದ್ದು ಆ ತಂತ್ರಾಂಶ. ಇದನ್ನು ಕೇಳಿ ಅಪ್ಪ ಕುರ್ಚಿ ಎಳೆದುಕೊಂಡು ಕುಳಿತರು. ರೋಗ್ ನೋಡಿ ಜೇ ಫೆನ್ಲಾಸನ್ ತನ್ನ ಶಾಲೆಯ ಗೆಳೆಯರೊಂದಿಗೆ ‘ಹ್ಯಾಕ್’ ಬರೆದ. ಆಮ್‌ಸ್ಟರ್‌ಡ್ಯಾಮಿನಲ್ಲಿ ಆಂಡ್ರೀಸ್ ಬ್ರೌವರ್ ಅದನ್ನು ಬೆಳೆಸಿದರು. 1987ರಲ್ಲಿ, ನೆಟ್‌ವರ್ಕಿನ ಮೂಲಕವಷ್ಟೇ ಪರಿಚಯವಿದ್ದ ಹಲವರು ಕೂಡಿ ಅದಕ್ಕೆ ನೆಟ್‌ಹ್ಯಾಕ್ ಎಂದು ಹೆಸರಿಟ್ಟು ಹೊರತಂದರು. ಕಂಪನಿಯಿಲ್ಲ, ಸಂಬಳವಿಲ್ಲ, ಬೆಲೆಯೂ ಇಲ್ಲ. ನಾನು ಆಡುವುದು 2003ರ ಡಿಸೆಂಬರಿನಲ್ಲಿ ಬಂದ 3.4.3 ಆವೃತ್ತಿ. ಅದರ ನಂತರದ ಅಧಿಕೃತ ಆವೃತ್ತಿ ಹೊರಬರಲು 12 ವರ್ಷ ಹಿಡಿಯಿತು. ಅಷ್ಟು ವರ್ಷವೂ ಜನ ಅದೇ ಆವೃತ್ತಿಯನ್ನು ಆಡುತ್ತಲೇ ಇದ್ದರು.

ಗುರಿ ಹೇಳುವುದು ಸುಲಭ. ಪಾತಾಳದ ತಳದಲ್ಲಿರುವ ಯೆಂಡೋರ್‌ನ ತಾಯಿತವನ್ನು ಹುಡುಕಿ, ಮೇಲೆ ತಂದು, ದೇವರಿಗೆ ಒಪ್ಪಿಸಬೇಕು. ಯೆಂಡೋರ್ ಎಂದು ಪರದೆಯಲ್ಲಿ ಕಂಡಾಗ ಅಪ್ಪ ಅದರ ಇಂಗ್ಲಿಷ್ ಅಕ್ಷರಗಳನ್ನು ಬಲದಿಂದ ಎಡಕ್ಕೆ ಬೆರಳಿನಲ್ಲಿ ಎಣಿಸಿ, “ರಾಡ್ನಿ” ಎಂದರು. ಆಟಗಾರರು ಯೆಂಡೋರ್‌ನ ಮಾಂತ್ರಿಕನನ್ನು ಆ ಹೆಸರಿನಿಂದಲೇ ಕರೆಯುತ್ತಾರೆ. ನನಗೆ ಅದು ಗೊತ್ತಾಗಿದ್ದು ಬೇರೆಯವರು ಹೇಳಿದ ಮೇಲೆ. ಮೊಳೆಯ ಮುಖವನ್ನು ತಿರುವುಮುರುವಾಗಿ ಓದಿ ಬದುಕಿದ ಕಣ್ಣಿಗೆ ಮಾತ್ರ ಹೀಗೆ ಕಾಣಲು ಸಾಧ್ಯ.

ನಾನು ಇಂದಿನವರೆಗೂ ಆ ತಾಯಿತವನ್ನು ಮುಟ್ಟಿಲ್ಲ. ಒಂದೇ ಸಲ ಕೋಟೆಯ ಕಂದಕದವರೆಗೆ ಹೋಗಿದ್ದೆ.

ನನ್ನ ಮೊದಲ ಸಾವು 2006ರಲ್ಲಿ, ಹುಬ್ಬಳ್ಳಿಯ ವಿದ್ಯಾನಗರದ ಕೋಣೆಯಲ್ಲಿ. ಗೆಳೆಯನ ಕಂಪ್ಯೂಟರಿನಲ್ಲಿ ಲಿನಕ್ಸ್ ಜೊತೆಗೆ ಬಂದಿದ್ದ ಆಟ. ಎರಡನೆಯೋ ಮೂರನೆಯೋ ಅಂತಸ್ತಿನಲ್ಲಿ ನೀಲಿ ಬಣ್ಣದ ಸಣ್ಣ ಇ ಅಕ್ಷರವೊಂದು ಹೆಚ್ಚು ಕಡಿಮೆ ನಿಂತಲ್ಲೇ ನಿಂತಿತ್ತು. ಅದು ನನ್ನನ್ನು ಹೊಡೆಯಲಿಲ್ಲ, ಅಟ್ಟಿಸಿಕೊಂಡು ಬರಲಿಲ್ಲ. ಸುಲಭದ ಬೇಟೆ ಎಂದುಕೊಂಡು ಕತ್ತಿಯಿಂದ ಹೊಡೆದೆ. ಅದು ತೇಲುವ ಕಣ್ಣು. ಅದು ತಾನಾಗಿ ಯಾರಿಗೂ ಕೇಡು ಮಾಡುವುದಿಲ್ಲ. ಅದನ್ನು ನೋಡುತ್ತ ಹತ್ತಿರದಿಂದ ಹೊಡೆದವನನ್ನು ಮಾತ್ರ ಅದರ ದೃಷ್ಟಿ ಮರಗಟ್ಟಿಸುತ್ತದೆ. ನಾನು ಅಲುಗಾಡದೆ ನಿಂತೆ. ಎಲ್ಲಿಂದಲೋ ಬಂದ ಬಡ ಜೀವಿಯೊಂದು, ಇತರ ಸಮಯದಲ್ಲಿ ಒಂದೇ ಏಟಿಗೆ ಸಾಯುವಂಥದ್ದು, ನನ್ನನ್ನು ಸ್ವಲ್ಪ ಸ್ವಲ್ಪವಾಗಿ ತಿಂದು ಮುಗಿಸಿತು. ಆಟ ಉಳಿಸಿದ್ದ ಕಡತವನ್ನು ಹುಡುಕಿದೆ. ಇರಲಿಲ್ಲ. ನೆಟ್‌ಹ್ಯಾಕಿನಲ್ಲಿ ಆಟವನ್ನು ಉಳಿಸಿ ಎದ್ದು ಹೋಗಬಹುದು, ಮರುದಿನ ಮುಂದುವರಿಸಬಹುದು. ಆದರೆ ಮುಂದುವರಿಸಿದ ಕ್ಷಣವೇ ಆ ಕಡತ ಅಳಿದು ಹೋಗುತ್ತದೆ. ಸತ್ತರೆ ಹಿಂದಕ್ಕೆ ಹೋಗುವ ದಾರಿಯಿಲ್ಲ. ಮತ್ತೆ ಮೊದಲನೆಯ ಅಂತಸ್ತು, ಮತ್ತೆ ಬರಿಗೈ, ಮತ್ತು ಹಿಂದೆಂದೂ ಕಾಣದ ಹೊಸ ನಕ್ಷೆ.

ಅಂದು ಕೋಪ ಬಂದಿತ್ತು. ಎರಡು ದಿನ ಬಿಟ್ಟು ಮತ್ತೆ ಆಡಿದೆ. ಆಮೇಲೆ ಕಾಕಟ್ರೈಸ್ ಎಂಬ, ಮುಟ್ಟಿದರೆ ಕಲ್ಲಾಗಿಸುವ ಹುಂಜದಂಥ ಹಾವಿನಿಂದ ಸತ್ತೆ. ಅದರ ಹೆಣವನ್ನು ಕೈಗವಸು ಹಾಕಿಕೊಂಡು ಎತ್ತಿದರೆ ಎದುರಿಗೆ ಬಂದವರನ್ನೆಲ್ಲ ಕಲ್ಲು ಮಾಡಬಹುದು ಎಂದು ಕಲಿತೆ. ಅದನ್ನು ಹಿಡಿದುಕೊಂಡೇ ಗುಂಡಿಗೆ ಬಿದ್ದರೆ ಕೈಗವಸಿದ್ದರೂ ಮೈಗೆ ತಗುಲುತ್ತದೆ ಎನ್ನುವುದನ್ನೂ ಕಲಿತೆ, ಬಿದ್ದ ಮೇಲೆ. ಕೊಂದು ಬಹಳ ಹೊತ್ತಾದ ಪ್ರಾಣಿಯನ್ನು ತಿಂದು ಸತ್ತೆ. ಪ್ರಾಣ ಏಳನೆಯ ಒಂದು ಭಾಗಕ್ಕಿಂತ ಕಡಿಮೆಯಾದಾಗ ದೇವರನ್ನು ಬೇಡಿದರೆ ಕಾಯುತ್ತಾನೆ ಎಂದು ತಿಳಿದು ಬೇಡಿದೆ, ಬದುಕಿದೆ. ಸ್ವಲ್ಪ ಹೊತ್ತಿನಲ್ಲೇ ಇನ್ನೊಮ್ಮೆ ಬೇಡಿದೆ, ಸತ್ತೆ. ಒಮ್ಮೆ ಬೇಡಿದ ಮೇಲೆ ಸುಮಾರು 1,000 ಸರದಿ ದೇವರ ಗೋಜಿಗೆ ಹೋಗಬಾರದು.

ಇಂಥ ಆಟವನ್ನು ಕ್ರೂರ ಎನ್ನುತ್ತಾರೆ. ನಾನು ಒಪ್ಪುವುದಿಲ್ಲ. ಪ್ರತಿಯೊಂದು ಸಾವಿಗೂ ಹೇಳಬಹುದಾದ ಕಾರಣವಿರುತ್ತದೆ, ಮತ್ತು ಆ ಕಾರಣ ಲೋಕದ ನಡೆಗೆ ಹೊಂದುತ್ತದೆ. ಹಳಸಿದ್ದನ್ನು ತಿನ್ನಬಾರದು. ಸುಮ್ಮನಿರುವುದನ್ನು ಕೆಣಕಬಾರದು. ಅಗೆಯುವ ಗುದ್ದಲಿ ಹೊತ್ತು ಅಂಗಡಿಗೆ ಹೋದರೆ ಅಂಗಡಿಕಾರ ಬಾಗಿಲಲ್ಲೇ ತಡೆಯುತ್ತಾನೆ, ತಡೆಯಲೇಬೇಕು. ಅವನ ಗೋಡೆ ಅವನಿಗೆ ಬೇಕು. ಹೂವಿನ ಅಂಗಿ ತೊಟ್ಟ ಪ್ರವಾಸಿಗೆ ಅದೇ ಅಂಗಡಿಯಲ್ಲಿ ಬೆಲೆ ಮೂರನೆಯ ಒಂದು ಪಾಲು ಹೆಚ್ಚು. ಕ್ರೂರ ಎನ್ನಬೇಕಾದರೆ ಇಂದಿನ ಕೆಲವು ಮೊಬೈಲ್ ಆಟಗಳನ್ನು ಎನ್ನಬೇಕು. ಸತ್ತವನ ಮುಂದೆ ಜಾಹೀರಾತು ಹಿಡಿದು, ಇದನ್ನು ನೋಡು, ಇಲ್ಲವೇ ದುಡ್ಡು ಕೊಡು, ಬದುಕಿಸುತ್ತೇನೆ ಎನ್ನುತ್ತವೆ. ಅಲ್ಲಿ ಸಾವಿಗೂ ಬೆಲೆಯಿಲ್ಲ, ಬದುಕಿಗೂ ಬೆಲೆಯಿಲ್ಲ.

ಆದರೆ ಒಂದು ಮಾತನ್ನು ಒಪ್ಪಲೇಬೇಕು. ಈ ಆಟವನ್ನು ಒಬ್ಬನೇ ಕುಳಿತು, ಸ್ವಂತ ಬುದ್ಧಿಯೊಂದರಿಂದಲೇ ಕಲಿಯುವುದು ಹೆಚ್ಚು ಕಡಿಮೆ ಅಸಾಧ್ಯ. ಬಲ್ಲವರು ಹೇಳಿಕೊಡಬೇಕು. ನಾನು ಇದನ್ನು ಬಹಳ ವರ್ಷ ಆಟದ ದೋಷವೆಂದೇ ತಿಳಿದಿದ್ದೆ. ಅಪ್ಪ ಹಾಗೆ ತಿಳಿಯಲಿಲ್ಲ. ಕನ್ನಡದ ಮೊಳೆ ಕೇಸಿನಲ್ಲಿ ಯಾವ ಒತ್ತಕ್ಷರ ಯಾವ ಮನೆಯಲ್ಲಿದೆ ಎಂದು ಪುಸ್ತಕ ಓದಿ ಕಲಿತವರು ಯಾರಿದ್ದಾರೆ ಎಂದು ಕೇಳಿದರು. ಅವರಿಗೆ ಕಲಿಸಿದ ಹಿರಿಯರು ಮೊದಲ ಆರು ತಿಂಗಳು ಒಂದು ಸಾಲನ್ನೂ ಜೋಡಿಸಲು ಬಿಡಲಿಲ್ಲವಂತೆ. ಕೆಡವುವ ಕೆಲಸವನ್ನೇ ಮಾಡಿಸಿದರಂತೆ.

ಕೆಡವುವುದು ಎಂದರೆ ಏನು ಎಂದು ಇಲ್ಲಿ ಹೇಳಬೇಕು, ಏಕೆಂದರೆ ಈ ಬರಹವನ್ನು ನಾನು ಬರೆಯುತ್ತಿರುವುದೇ ಅದಕ್ಕಾಗಿ. ಜೋಡಿಸಿದ ಪುಟ ಅಚ್ಚಾಗಿ ಮುಗಿದ ಮೇಲೆ ಆ ಪುಟ ಉಳಿಯುವುದಿಲ್ಲ. ಮಸಿ ತೊಳೆದು, ಸಾಲು ಬಿಚ್ಚಿ, ಒಂದೊಂದು ಮೊಳೆಯನ್ನೂ ಅದರದರ ಮನೆಗೆ ಮರಳಿ ಹಾಕಬೇಕು. ನಿನ್ನೆ ಬೆಟಗೇರಿಯ ಮದುವೆಯಲ್ಲಿ ‘ಶುಭ’ ಆಗಿದ್ದ ಅಕ್ಷರಗಳೇ ಇಂದು ಯಾರದೋ ಶ್ರದ್ಧಾಂಜಲಿಗೆ ಹೋಗುತ್ತವೆ, ನಾಳೆ ಬಿತ್ತನೆ ಬೀಜದ ಕರಪತ್ರಕ್ಕೆ. ಪ್ರೆಸ್ಸಿನಲ್ಲಿ ಮೊಳೆ ಎಂದೂ ಬೇಕಾದಷ್ಟು ಇರುತ್ತಿರಲಿಲ್ಲ. ಹಳೆಯ ಪುಟ ಕೆಡವದಿದ್ದರೆ ಹೊಸ ಪುಟಕ್ಕೆ ಅಕ್ಷರವಿಲ್ಲ. ಕೆಡವುವಾಗ ಒಂದು ಮೊಳೆ ತಪ್ಪು ಮನೆಗೆ ಬಿದ್ದರೆ ಮುಂದೆಂದೋ ಯಾರದೋ ಹೆಸರು ತಪ್ಪಾಗುತ್ತದೆ. ಹಾಗಾಗಿ ಕೆಡವುವ ಕೈಗೆ ಜೋಡಿಸುವ ಕೈಗಿಂತ ಹೆಚ್ಚು ಎಚ್ಚರ ಬೇಕು ಎನ್ನುತ್ತಾರೆ ಅಪ್ಪ.

ನೆಟ್‌ಹ್ಯಾಕ್ ಮಾಡುವುದೂ ಅದನ್ನೇ ಎಂದು ನನಗೆ ಹೊಳೆದದ್ದು ಅವರು ಇದನ್ನು ಹೇಳುತ್ತಿದ್ದಾಗ. ಅದೇ ಚುಕ್ಕಿ, ಅದೇ ಗೆರೆ, ಅದೇ ನೂರಕ್ಕೂ ಕಡಿಮೆ ಚಿಹ್ನೆಗಳು. ನಾನು ಸತ್ತೊಡನೆ ಪಾತಾಳವನ್ನೆಲ್ಲ ಬಿಚ್ಚಿ ಹಾಕಿ, ಆ ಚಿಹ್ನೆಗಳಿಂದಲೇ ಇನ್ನೊಂದನ್ನು ಜೋಡಿಸುತ್ತದೆ. ಕಳೆದ ಸಲದ ನಕ್ಷೆ ನೆನಪಿದ್ದು ಪ್ರಯೋಜನವಿಲ್ಲ. ಕಳೆದ ಸಲ ನೀಲಿ ಮದ್ದು ಗಾಯ ಮಾಯಿಸಿದ್ದರೆ ಈ ಸಲ ಅದೇ ನೀಲಿ ಮದ್ದು ಕಣ್ಣು ಕಳೆಯಬಹುದು. ಉಳಿಯುವುದು ಕೈಯ ಅಭ್ಯಾಸ ಮಾತ್ರ: ಕತ್ತಲ ಕೋಣೆಯ ಬಾಗಿಲಲ್ಲಿ ಒಂದು ಕ್ಷಣ ನಿಲ್ಲುವುದು, ಇರುವೆಗಳ ಹಿಂಡು ಕಂಡರೆ ಮೆಟ್ಟಿಲಿನತ್ತ ಸರಿಯುವುದು. ನಮ್ಮೂರ ವೀರನಾರಾಯಣನ ಗುಡಿಯ ಕವಿ, ಇಟ್ಟ ಪದವನ್ನು ಅಳಿಸದೆ ಬರೆದದ್ದು ತನ್ನ ಅಗ್ಗಳಿಕೆ ಎಂದು ಹೇಳಿಕೊಂಡಿದ್ದಾನೆ. ಚಿಕ್ಕಂದಿನಲ್ಲಿ ಅದು ಬರಿಯ ಹೆಮ್ಮೆಯ ಮಾತು ಎನಿಸುತ್ತಿತ್ತು. ಅಳಿಸಲು ಆಗದು ಎಂಬ ತಿಳಿವು ಇದ್ದಾಗ ಕೈ ಎಷ್ಟು ಬೇರೆಯಾಗಿ ನಡೆಯುತ್ತದೆ ಎನ್ನುವುದನ್ನು ನನ್ನ ಮಟ್ಟಿಗೆ ತೋರಿಸಿಕೊಟ್ಟಿದ್ದು ಈ ಆಟ.

ಅಕ್ಷರವೇ ಕಾಯುವ ಒಂದು ಉಪಾಯವೂ ಇದರಲ್ಲಿದೆ. ‘ಎಲ್ಬೆರೆತ್’ ಎಂಬ ಪದವನ್ನು ನೆಲದ ಧೂಳಿನಲ್ಲಿ ಬೆರಳಿನಿಂದ ಬರೆದು ಅದರ ಮೇಲೆ ನಿಂತರೆ ಬಹುತೇಕ ರಾಕ್ಷಸ ಜೀವಿಗಳು ಹತ್ತಿರ ಬಂದು ಹೊಡೆಯಲು ಹೆದರುತ್ತವೆ. ಮನುಷ್ಯರು, ಗೂಳಿತಲೆಯ ಮಿನೋಟಾರ್‌ಗಳು, ಇನ್ನು ಕೆಲವರು ಹೆದರುವುದಿಲ್ಲ. ಆದರೆ ಧೂಳಿನ ಬರಹದಲ್ಲಿ ಒಂದೊಂದು ಅಕ್ಷರಕ್ಕೂ ತಪ್ಪಾಗುವ ಸಾಧ್ಯತೆ ಇದೆ, ಇಪ್ಪತ್ತೈದಕ್ಕೆ ಒಂದರಂತೆ. ಒಂದೇ ಅಕ್ಷರ ತಪ್ಪಿದರೂ ಆ ಪದಕ್ಕೆ ಬಲವಿಲ್ಲ. ಬರೆದು ನಂಬಿ ಕುಳಿತವರು ಸಾಯುತ್ತಾರೆ. ಬರೆದದ್ದನ್ನು ಓದಿ ನೋಡಿದವರು ಬದುಕುತ್ತಾರೆ. ಪ್ರೂಫ್ ನೋಡುವಾಗ ಪದವನ್ನು ಕೊನೆಯಿಂದ ಮೊದಲಿಗೆ ಓದು, ಆಗ ಕಣ್ಣು ಮೋಸ ಹೋಗುವುದಿಲ್ಲ ಎಂದು ಅಪ್ಪ ಹೇಳಿದ ಮೇಲೆ ನಾನು ಎಲ್ಬೆರೆತ್ ಅನ್ನು ಹಾಗೆಯೇ ಓದುತ್ತೇನೆ.

ಅವ್ವ ಆಟದ ಕಡೆ ತಿರುಗಿಯೂ ನೋಡಿರಲಿಲ್ಲ. ಜೂನ್ 21ರಂದು ಮಣ್ಣೆತ್ತಿನ ಅಮಾವಾಸ್ಯೆ ಬಂತು. ಅದೇ ದಿನ ಸೂರ್ಯಗ್ರಹಣವೂ ಇತ್ತು. ಮಾಡದಲ್ಲಿ ಮಣ್ಣಿನ ಜೋಡೆತ್ತು ಇಟ್ಟು, ಗ್ರಹಣ ಬಿಟ್ಟ ಮೇಲೆ ಮಿಂದು, ಪೂಜೆ ಮುಗಿಸುವಷ್ಟರಲ್ಲಿ ಅವ್ವ ದಣಿದಿದ್ದಳು. ರಾತ್ರಿ ನಾನು ಲ್ಯಾಪ್‌ಟಾಪ್ ತೆರೆದದ್ದು ಕಂಡು, “ಇವತ್ತೊಂದು ದಿನ ಬಿಡು, ಅಮಾವಾಸ್ಯೆ” ಎಂದಳು. ಆಟ ತೆರೆದುಕೊಂಡಿತು. ಅದರ ಮೊದಲ ಸಾಲನ್ನು ನಾನು ಗಟ್ಟಿಯಾಗಿ ಕನ್ನಡದಲ್ಲಿ ಓದಿ ಹೇಳಿದೆ: ಎಚ್ಚರಿಕೆಯಿಂದಿರು, ಈ ರಾತ್ರಿ ಅಮಾವಾಸ್ಯೆ. ನಾನು ಹುಟ್ಟಿಸಿಕೊಂಡು ಹೇಳುತ್ತಿದ್ದೇನೆ ಎಂದುಕೊಂಡು ಅವ್ವ ನಂಬಲಿಲ್ಲ. ಅಪ್ಪ ಬಂದು ಇಂಗ್ಲಿಷ್ ಸಾಲು ಓದಿ ಹೌದು ಎಂದ ಮೇಲೆ ನಂಬಿದಳು. ನೆಟ್‌ಹ್ಯಾಕ್ ಕಂಪ್ಯೂಟರಿನ ಗಡಿಯಾರ ನೋಡಿ ಚಂದ್ರನ ಕಲೆಯನ್ನು ಲೆಕ್ಕ ಹಾಕುತ್ತದೆ. ಹುಣ್ಣಿಮೆಯಾದರೆ ಅದೃಷ್ಟ ಸ್ವಲ್ಪ ಹೆಚ್ಚು. ಅಮಾವಾಸ್ಯೆಯಾದರೆ ಕಾಕಟ್ರೈಸಿನ ಬುಸುಗುಡುವಿಕೆ ಹೆಚ್ಚು ಅಪಾಯಕರ, ಹಲ್ಲಿಯ ಹೆಣ ಜೊತೆಗಿದ್ದರೆ ಆ ಹೆಚ್ಚಿನ ಭಯವಿಲ್ಲ. ಹಲ್ಲಿಯ ಮಾತು ಕೇಳಿ ಅವ್ವ ಗಂಭೀರವಾದಳು. ಮನೆಯಲ್ಲಿ ಹಲ್ಲಿ ನುಡಿದರೆ ನೆಲ ಕುಟ್ಟಿ ಕೃಷ್ಣ ಕೃಷ್ಣ ಎನ್ನುವವಳು ಅವಳು. “ಬರೆದವರು ತಿಳಿದವರು” ಎಂದಳು. ಅಂದು ರಾತ್ರಿ ನಾನು ಆಡಲಿಲ್ಲ. ಉಳಿಸಿ ಮುಚ್ಚಿದೆ.

ಜುಲೈ ತಿಂಗಳ ಮಳೆಯ ರಾತ್ರಿಯೊಂದರಲ್ಲಿ ಇನ್ನೊಂದು ಪ್ರಸಂಗ ನಡೆಯಿತು. ಆ ಹೊತ್ತಿಗೆ ಅಪ್ಪ ಊಟವಾದ ಕೂಡಲೇ ತಾವೇ ಕುರ್ಚಿ ತಂದು ಹಾಕಿಕೊಳ್ಳುತ್ತಿದ್ದರು. ನಾನು ಸಮುರಾಯ್ ಎಂಬ ಜಪಾನಿ ಯೋಧನಾಗಿ ಆಡುತ್ತಿದ್ದೆ. ಸಮುರಾಯ್‌ಗೆ ಮೊದಲಿನಿಂದಲೂ ಹಾಚಿ ಎಂಬ ನಾಯಿ ಜೊತೆಗಿರುತ್ತದೆ. ಟೋಕಿಯೋದ ರೈಲು ನಿಲ್ದಾಣದಲ್ಲಿ ತೀರಿಹೋದ ಒಡೆಯನಿಗಾಗಿ ವರ್ಷಗಟ್ಟಲೆ ಕಾದ ನಾಯಿಯ ಹೆಸರು ಅದು. ಅಪ್ಪನಿಗೆ ಹಾಚಿಯ ಮೇಲೆ ಬಹಳ ಅಕ್ಕರೆ. ನಾನು ಮೆಟ್ಟಿಲು ಇಳಿಯುವ ಮುನ್ನ, “ನಾಯಿ ಪಕ್ಕಕ್ಕೆ ಬಂತೋ ಇಲ್ಲವೋ ನೋಡು” ಎನ್ನುವರು. ಪಕ್ಕದಲ್ಲಿ ಇಲ್ಲದಿದ್ದರೆ ಅದು ಮೇಲೆಯೇ ಉಳಿದುಬಿಡುತ್ತದೆ.

ಏಳನೆಯ ಅಂತಸ್ತಿಗೆ ಇಳಿದೆವು. ಬೆಳಕಿನ ಕೋಣೆ, ಸಾಲು ಸಾಲು ಚುಕ್ಕಿ. ನಾನು ಹೆಜ್ಜೆ ಎತ್ತುವಷ್ಟರಲ್ಲಿ ಅಪ್ಪ ಪರದೆಗೆ ಬೆರಳು ತಾಗಿಸಿ, “ನಿಲ್ಲು. ಇಲ್ಲೊಂದು ಚುಕ್ಕಿ ಹಾರಿದೆ” ಎಂದರು. ನೋಡಿದೆ. ಮೂರನೆಯ ಸಾಲಿನಲ್ಲಿ ಚುಕ್ಕಿಗಳ ನಡುವೆ ಒಂದು ಖಾಲಿ. ಮುಂದಿನ ಸರದಿಗೆ ಅದು ಅಲ್ಲೇ ಇತ್ತು. ಅದರ ಮುಂದಿನದಕ್ಕೂ ಇತ್ತು. ಆಮೇಲೆ ಖಾಲಿ ಒಂದು ಮನೆ ನಮ್ಮ ಕಡೆಗೆ ಸರಿಯಿತು, ಬಿಟ್ಟು ಹೋದ ಜಾಗದಲ್ಲಿ ಚುಕ್ಕಿ ಮೂಡಿತು.

ಅದು ದೆವ್ವ. ಈ ಆವೃತ್ತಿಯಲ್ಲಿ ದೆವ್ವಕ್ಕೆ ಅಕ್ಷರವಿಲ್ಲ, ಖಾಲಿ ಜಾಗವೇ ಅದರ ಗುರುತು. ಚಿಹ್ನೆಯ ಹೆಸರು ಕೇಳಿದೆ. ಪರದೆ ಹೇಳಿದ ಹೆಸರು ನನ್ನದೇ. ಏಪ್ರಿಲ್‌ನಲ್ಲಿ, ಅಪ್ಪ ಗೋರಿಕಲ್ಲಿನ ಬಾರ್ಡರ್ ನೋಡಿದ ರಾತ್ರಿ, ಸೈನಿಕ ಇರುವೆಗಳಿಗೆ ಸಿಕ್ಕು ಸತ್ತಿದ್ದ ನನ್ನ ಸಮುರಾಯ್ ಅವನು.

ಎಲ್ಲವೂ ಅಳಿಯುವ ಈ ಆಟದಲ್ಲಿ ಒಂದು ವಿನಾಯಿತಿ ಇದೆ. ಕೆಲವು ಸಲ, ಎಲ್ಲ ಸಲವಲ್ಲ, ಸತ್ತ ಅಂತಸ್ತನ್ನು ಮಾತ್ರ ಆಟ ಹಾಗೆಯೇ ಎತ್ತಿಡುತ್ತದೆ. ಆಟಗಾರರು ಅದನ್ನು ಎಲುಬಿನ ಕಡತ ಎನ್ನುತ್ತಾರೆ. ಮುಂದಿನ ಯಾವುದೋ ಆಟದಲ್ಲಿ ಅದೇ ಆಳಕ್ಕೆ ಇಳಿದಾಗ, ಹೊಸ ಪಾತಾಳದ ನಡುವೆ ಆ ಹಳೆಯ ಅಂತಸ್ತು ಸೇರಿಕೊಂಡಿರಬಹುದು. ಸತ್ತವನ ವಸ್ತುಗಳು ಸತ್ತ ಜಾಗದಲ್ಲೇ ಬಿದ್ದಿರುತ್ತವೆ, ಆದರೆ ಹೆಚ್ಚಿನವಕ್ಕೆ ಶಾಪ ತಗುಲಿರುತ್ತದೆ. ಕೊಂದವರೂ ಅಲ್ಲೇ ಇರುತ್ತಾರೆ. ಕೋಣೆಯ ಆಚೆ ಬದಿಯಲ್ಲಿ ಸಣ್ಣ ಎ ಅಕ್ಷರವೊಂದು ನನಗೆ ಕಂಡಿತು.

ಮೆಟ್ಟಿಲ ಮೇಲೆ ನಿಂತೇ ಇರುವೆಯನ್ನು ಬಾಣದಿಂದ ಕೊಂದೆ. ದೆವ್ವ ಬಹಳ ನಿಧಾನ. ಅದರಿಂದ ದೂರ ಸರಿಯುತ್ತ ವಸ್ತುಗಳ ರಾಶಿಯ ಹತ್ತಿರ ಹೋದೆ. ನಾಯಿ ಶಾಪ ತಗುಲಿದ ವಸ್ತುವಿನ ಮೇಲೆ ಕಾಲಿಡಲು ಹಿಂಜರಿಯುತ್ತದೆ, ಹಿಂಜರಿದರೆ ಆಟ ಅದನ್ನು ಹೇಳುತ್ತದೆ. ಹಾಚಿ ಕತ್ತಿಯ ಮೇಲೆ ಹಿಂಜರಿಯಿತು. ಕವಚದ ಮೇಲೂ ಹಿಂಜರಿಯಿತು. ಮೂಲೆಯಲ್ಲಿದ್ದ ಒಂದು ಜೊತೆ ಬೂಟಿನ ಮೇಲೆ ಸರಾಗವಾಗಿ ನಡೆದು ಹೋಯಿತು. ಅದನ್ನು ತೊಟ್ಟೆ.

ಅಪ್ಪ ಎದ್ದು ಒಳಗೆ ಹೋಗಿದ್ದರು. ಮಲಗಲು ಹೋದರೆಂದುಕೊಂಡೆ. ಅಡಕಲು ಕೋಣೆಯಲ್ಲಿ ಡಬ್ಬಿ ಸರಿಸುವ ಸದ್ದು ಕೇಳಿಸಿತು. ಸ್ವಲ್ಪ ಹೊತ್ತಿನಲ್ಲಿ ಹಳೆಯ ಬಟ್ಟೆಯಲ್ಲಿ ಸುತ್ತಿದ ಏನನ್ನೋ ತಂದು ಮೇಜಿನ ಮೇಲೆ ಇಟ್ಟು ಬಿಚ್ಚಿದರು. ನಾಲ್ಕು ಸಾಲಿನ ಮೊಳೆಗಳು, ಸುತ್ತ ದಾರ ಬಿಗಿದು ಕಟ್ಟಿದ್ದು. ಲಗ್ನಪತ್ರಿಕೆಯ ತಲೆಯ ಸಾಲುಗಳನ್ನು ಪ್ರತಿ ಸಲ ಹೊಸದಾಗಿ ಜೋಡಿಸುವುದು ದಂಡವೆಂದು ಕೆಡವದೆ ಕಟ್ಟಿಡುತ್ತಿದ್ದರಂತೆ. ಪ್ರೆಸ್ ಮುಚ್ಚಿದಾಗ ಕೇಸುಗಟ್ಟಲೆ ಮೊಳೆಗಳು ಸೀಸದ ತೂಕಕ್ಕೆ ಹೋದವು ಎನ್ನುವುದು ನನಗೆ ಗೊತ್ತಿತ್ತು. ಇದೊಂದು ಮನೆಗೆ ಬಂದಿದ್ದು ಗೊತ್ತಿರಲಿಲ್ಲ. ಹದಿನೇಳು ವರ್ಷ ಅದು ಜೋಳದ ಡಬ್ಬಿಯ ಹಿಂದೆ ಇತ್ತು.

ಎರಡು ಪದಗಳ ನಡುವಿನ ಖಾಲಿಯನ್ನು ಅಪ್ಪ ಉಗುರಿನಿಂದ ತಟ್ಟಿ ತೋರಿಸಿದರು. ಅಲ್ಲಿಯೂ ಒಂದು ಮೊಳೆ ಇತ್ತು, ಉಳಿದವುಗಳಿಗಿಂತ ಗಿಡ್ಡ. ಕಾಗದಕ್ಕೆ ತಾಗುವುದಿಲ್ಲ, ಮಸಿ ಹಿಡಿಯುವುದಿಲ್ಲ. “ಖಾಲಿ ಬಿಡಬೇಕಾದರೂ ಏನನ್ನಾದರೂ ಇಡಲೇಬೇಕು. ಇಲ್ಲದಿದ್ದರೆ ಸಾಲು ನಿಲ್ಲುವುದಿಲ್ಲ” ಎಂದರು.

ನಾನು ಅಕ್ಷರಗಳ ಮೇಲೆ ಬೆರಳಿಟ್ಟು ಬಲದಿಂದ ಎಡಕ್ಕೆ ತಡವರಿಸುತ್ತ ಓದಿದೆ. ಶ್ರೀ ವೀರಭದ್ರೇಶ್ವರ ಪ್ರಸನ್ನ. ಎರಡನೆಯ ಸಾಲಿನಲ್ಲಿ ಸಿಕ್ಕಿಕೊಂಡೆ. ಅಪ್ಪ ಹೇಳಿಕೊಡಲಿಲ್ಲ, ಕಾದರು. ಹೊರಗೆ ಮಳೆ ಜೋರಾಗಿತ್ತು. ಪರದೆಯ ಮೇಲೆ ಆ ಖಾಲಿ ಜಾಗ, ನಾನು ಕೀಲಿ ಒತ್ತುವವರೆಗೆ, ಚುಕ್ಕಿಗಳ ನಡುವೆ ಅಲುಗಾಡದೆ ನಿಂತಿತ್ತು.

ದಾರದ ಗಂಟು ಎಲ್ಲಿದೆ ಎಂದು ನಾನು ಹುಡುಕುತ್ತಿದ್ದುದನ್ನು ಕಂಡು ಅಪ್ಪ ನನ್ನ ಕೈಯನ್ನು ಮೆಲ್ಲಗೆ ಸರಿಸಿದರು. ಆಮೇಲೆ ಬಟ್ಟೆ ಸುತ್ತುತ್ತ ಕೇಳಿದರು, “ನಾಯಿ ಎಲ್ಲಿದೆ?”

“ಪಕ್ಕದಲ್ಲೇ ಇದೆ.”

“ಹಾಗಾದರೆ ಇಳಿ.”